ಹೊರಟಿದ್ದು ಇಬ್ಬರು, ಹೋಗಿದ್ದು ಒಬ್ಬ: ಡಾರ್ಟ್ಸ್ ವಿಶ್ವಕಪ್ ನೋಡಿ ಬಂದ ಕಥೆ

ಫ್ರಾಂಕ್‌ಫರ್ಟ್‌ನಿಂದ ವಾಪಸ್ ಬಂದು ಹತ್ತು ದಿನ ಆಯಿತು. ನಿದ್ದೆ ಸರಿಹೋಗಿದೆ, ಕ್ರೆಡಿಟ್ ಕಾರ್ಡ್ ಬಿಲ್ಲೂ ಬಂದಿದೆ. ಹೊರಡುವ ಮುಂಚೆ "ಡಾರ್ಟ್ಸ್ ನೋಡೋಕೆ ಜರ್ಮನಿವರೆಗೂ ಹೋಗ್ತೀಯಾ?" ಎಂದು ನಕ್ಕವರೇ ಈಗ ಊಟದ ಹೊತ್ತಿನಲ್ಲಿ ಪಕ್ಕ ಬಂದು ಕೂರುತ್ತಾರೆ. ವೀಸಾ ಹೇಗೆ, ಟಿಕೆಟ್ ಎಲ್ಲಿ ಸಿಗುತ್ತೆ, ಎಷ್ಟಾಯ್ತು ಎಂದು ಕೇಳುತ್ತಾರೆ. ಒಂದೇ ಕಥೆ ಹತ್ತು ಸಲ ಹೇಳುವ ಬದಲು ಒಮ್ಮೆ ಬರೆದುಬಿಡೋಣ ಅನ್ನಿಸಿತು. ನನ್ನ ತಪ್ಪುಗಳನ್ನೂ ಮುಚ್ಚಿಡದೆ ಬರೆಯುತ್ತೇನೆ. ಹಿಂದೆ ಬರುವವರಿಗೆ ಉಪಯೋಗಕ್ಕೆ ಬರುವುದು ಅವೇ ಅಲ್ವಾ.

ನಮ್ಮ ಆಫೀಸಿನ ರಿಕ್ರಿಯೇಷನ್ ರೂಮಿನಲ್ಲಿ ಕೇರಂ ಬೋರ್ಡಿನ ಪಕ್ಕದ ಗೋಡೆಗೆ ಒಂದು ಡಾರ್ಟ್ ಬೋರ್ಡ್ ನೇತುಹಾಕಿದ್ದಾರೆ. ಮೊದಲು ಯಾರೂ ಅದನ್ನು ಮುಟ್ಟುತ್ತಿರಲಿಲ್ಲ. ನಾನೂ ನನ್ನ ಟೀಮಿನ ಇನ್ನೊಬ್ಬನೂ ಒಂದು ದಿನ ಟೇಪು ಹಿಡಿದು ಅಳತೆ ಮಾಡಿದೆವು. ನೆಲದಿಂದ ಬೋರ್ಡಿನ ನಡುವಿನ ಬುಲ್‌ಗೆ 1.73 ಮೀಟರ್, ಬೋರ್ಡಿನಿಂದ ನಿಲ್ಲುವ ಗೆರೆಗೆ 2.37 ಮೀಟರ್. ನೆಲಕ್ಕೆ ಒಂದು ಕಪ್ಪು ಟೇಪ್ ಅಂಟಿಸಿದೆವು, ಅಲ್ಲಿಂದ ಹುಚ್ಚು ಶುರುವಾಯಿತು. ದಿನಾ ಸಂಜೆ ಇನ್ನಿಬ್ಬರನ್ನು ಎಳೆದುಕೊಂಡು ಬಂದು ಡಬಲ್ಸ್ ಆಡುತ್ತಿದ್ದೆವು. ಆ ಟೀಮಿನವನು ಈ ಕಥೆಯಲ್ಲಿ ಬರೀ 'ನನ್ನ ಜೋಡಿ'. ಹೆಸರು ಹಾಕಬೇಡ ಎಂದು ಹೇಳಿದ್ದಾನೆ. ಯಾಕೆ ಅಂತ ಮುಂದೆ ಗೊತ್ತಾಗುತ್ತದೆ.

ಡಾರ್ಟ್ಸ್ ಗೊತ್ತಿಲ್ಲದವರಿಗೆ ಒಂದು ಮಾತು. ಒಂದೊಂದು ಆಟಕ್ಕೆ 'ಲೆಗ್' ಅನ್ನುತ್ತಾರೆ, ಅದು 501ರಿಂದ ಶುರು. ಒಂದು ಸರದಿಗೆ ಮೂರು ಬಾಣ. ಹೊಡೆದಷ್ಟನ್ನು ಕಳೆಯುತ್ತಾ ಬರಬೇಕು, ಕೊನೆಯ ಬಾಣ ಮಾತ್ರ ಹೊರಗಿನ ತೆಳು ಉಂಗುರದಲ್ಲಿ, ಅಂದರೆ ಡಬಲ್‌ನಲ್ಲಿ, ಇಲ್ಲವೇ ನಟ್ಟನಡುವಿನ ಬುಲ್‌ನಲ್ಲಿ ಬಿದ್ದು ಸರಿಯಾಗಿ ಸೊನ್ನೆ ಆಗಬೇಕು. ಜೋಡಿ ಆಟದಲ್ಲಿ ನಾನು ಮೂರು ಎಸೆದ ಮೇಲೆ ಎದುರಾಳಿ, ಆಮೇಲೆ ನನ್ನ ಜೊತೆಗಾರ. ನಾನು ಉಳಿಸಿಟ್ಟ ಅಂಕಿಯ ಮೇಲೆ ಅವನು ಎಸೆಯಬೇಕು. 92 ಉಳಿದಿದೆ ಅಂದುಕೊಳ್ಳಿ. ನಾನು ಮೂರು ಸಲ ಸಾದಾ 20 ಹೊಡೆದರೆ 32 ಉಳಿಯುತ್ತದೆ. ಜೊತೆಗಾರ ಡಬಲ್ 16 ಹೊಡೆದರೆ ಗೆದ್ದೆವು. ಸ್ವಲ್ಪ ಒಳಗೆ ಬಿದ್ದು ಸಾದಾ 16 ಆದರೂ 16 ಉಳಿಯುತ್ತದೆ, ಡಬಲ್ 8ಕ್ಕೆ ಹೋಗಬಹುದು. ಅದೂ ತಪ್ಪಿ ಸಾದಾ 8 ಆದರೆ ಡಬಲ್ 4. ಅದಕ್ಕೇ 32 ಅಂದರೆ ಎಲ್ಲರಿಗೂ ಪ್ರೀತಿ. ನನ್ನ ಮೂರನೇ ಬಾಣ ಒಂದು ಬೆರಳಿನಷ್ಟು ಎಡಕ್ಕೆ ಹೋಗಿ 5ರಲ್ಲಿ ಬಿತ್ತೋ, 47. ಪಾಪ, ಅವನು ಒಂದು ಬಾಣ ಬರೀ ನನ್ನ ಗಲೀಜು ತೊಳೆಯಲು ಖರ್ಚು ಮಾಡಬೇಕು. ಕೇರಂ ಡಬಲ್ಸ್ ಆಡಿದವರಿಗೆ ಈ ಕಷ್ಟ ಗೊತ್ತು. ಎದುರು ಕೂತವನ ಮುಖ ನೋಡಿದರೇ ನಾವು ಎಂಥ ಬೋರ್ಡ್ ಬಿಟ್ಟಿದ್ದೇವೆ ಎಂದು ತಿಳಿಯುತ್ತದೆ.

2025ರ ಜನವರಿಯಲ್ಲಿ 17 ವರ್ಷದ ಲ್ಯೂಕ್ ಲಿಟ್ಲರ್ ವಿಶ್ವ ಚಾಂಪಿಯನ್ ಆದ. ಅದನ್ನು ನಾವಿಬ್ಬರೂ ಲ್ಯಾಪ್‌ಟಾಪಿನಲ್ಲಿ ನೋಡಿದೆವು. ಆದರೆ ನಮಗೆ ಹುಚ್ಚು ಹಿಡಿಸಿದ್ದು ದೇಶ ದೇಶಗಳ ಜೋಡಿಗಳು ಆಡುವ ಡಾರ್ಟ್ಸ್ ವಿಶ್ವಕಪ್. 2010ರಲ್ಲಿ ಶುರುವಾದ ಟೂರ್ನಿ ಇದು. ಈಚಿನ ವರ್ಷಗಳಲ್ಲಿ ಫ್ರಾಂಕ್‌ಫರ್ಟ್‌ನ ಐಸ್‌ಸ್ಪೋರ್ಟ್‌ಹಾಲೆ ಎನ್ನುವ ಒಳಾಂಗಣದಲ್ಲಿ ನಡೆಯುತ್ತಿದೆ. ಹಿಂದೆ ನಡುವೆ ಸಿಂಗಲ್ಸ್ ಕೂಡ ಇರುತ್ತಿತ್ತು. 2023ರಿಂದ ಪೂರ್ತಿ ಜೋಡಿ ಆಟ, 40 ದೇಶ. ಮೊದಲ ನಾಲ್ಕು ಶ್ರೇಯಾಂಕದವರು ನೇರ ಎರಡನೇ ಸುತ್ತಿಗೆ. ಉಳಿದ 36 ದೇಶ ಮೂರು ಮೂರರಂತೆ 12 ಗುಂಪು. ಗುಂಪಿಗೆ ಒಬ್ಬರೇ ಮುಂದಕ್ಕೆ. 2025ರಲ್ಲಿ ಭಾರತದ ಜೋಡಿಯೂ ಇತ್ತು, ಅದರಲ್ಲಿ ನಿತಿನ್ ಕುಮಾರ್ ಇದ್ದರು. 2025ರದ್ದು ಜೂನ್ 12ರಿಂದ 15. ಫ್ರಾಂಕ್‌ಫರ್ಟ್ ಹತ್ತಿರದ ಊರೊಂದರಲ್ಲಿ ನನ್ನ ಇಂಜಿನಿಯರಿಂಗ್ ಗೆಳೆಯ ಸಂಸಾರ ಸಮೇತ ಇದ್ದಾನೆ. ಇಷ್ಟು ಸಾಕಾಯಿತು.

ಫೆಬ್ರವರಿಯಲ್ಲಿ ಟಿಕೆಟ್ ನೋಡಿದಾಗ ಭಾನುವಾರ ಸಂಜೆಯದ್ದು, ಅಂದರೆ ಸೆಮಿಫೈನಲ್ ಮತ್ತು ಫೈನಲ್ ಇರುವ ಹೊತ್ತಿನದ್ದು, ಖಾಲಿಯಾಗಿತ್ತು. ಶನಿವಾರ ಸಂಜೆ ಗ್ಯಾಲರಿಯಲ್ಲಿ ಎರಡು ಸಿಕ್ಕವು. ಒಂದಕ್ಕೆ 50 ಯೂರೋ ಆಸುಪಾಸು. ಭಾನುವಾರದ್ದು ಆಮೇಲೆ ನೋಡೋಣ ಎಂದೆವು. ಆ 'ಆಮೇಲೆ' ಏನಾಯಿತು ಎಂದು ಕೊನೆಗೆ ಹೇಳುತ್ತೇನೆ.

ವಿಮಾನ ಟಿಕೆಟ್ ನನಗೆ 61 ಸಾವಿರ ಆಯಿತು. ಬೆಂಗಳೂರಿನಿಂದ ನೇರ ವಿಮಾನ, ಹೋಗಿ ಬರಲು. ಶುಕ್ರವಾರ ಬೆಳಗಿನ ಜಾವ ಹೊರಡುವುದು, ಮಂಗಳವಾರ ವಾಪಸ್ ಹೊರಡುವುದು. ಗುರುವಾರ ರಜೆ ಸಿಗಲಿಲ್ಲ.

ಇನ್ನು ವೀಸಾ. ಜರ್ಮನಿ ಸೇರಿ ಯೂರೋಪಿನ ಹಲವು ದೇಶಗಳಿಗೆ ಒಂದೇ ಆದ ಷೆಂಗೆನ್ ವೀಸಾಗೆ ಪ್ರಯಾಣಕ್ಕೆ ಆರು ತಿಂಗಳು ಮುಂಚೆಯಿಂದ ಅರ್ಜಿ ಹಾಕಬಹುದು. ಕೊನೇ ಪಕ್ಷ 15 ದಿನ ಮುಂಚೆ ಹಾಕಿರಬೇಕು. ನಾವು ಸೋಮಾರಿಗಳು, ಏಪ್ರಿಲ್ ಕೊನೆಯಲ್ಲಿ ಎದ್ದೆವು. ಒಂದು ಶನಿವಾರ ನನ್ನ ಮನೆಯಲ್ಲಿ ಇಬ್ಬರೂ ಕಾಗದ ಹರಡಿಕೊಂಡು ಕೂತೆವು. ಆನ್‌ಲೈನ್ ಫಾರ್ಮ್ ತುಂಬಿ ಪ್ರಿಂಟ್ ತೆಗೆಯಬೇಕು. ಜೊತೆಗೆ ಮೂರು ತಿಂಗಳ ಬ್ಯಾಂಕ್ ಸ್ಟೇಟ್‌ಮೆಂಟ್, ಸಂಬಳದ ಸ್ಲಿಪ್, ಐಟಿ ರಿಟರ್ನ್, ರಜೆ ಕೊಟ್ಟಿದ್ದೇವೆ ಎಂದು ಕಂಪನಿಯ ಪತ್ರ, ಬುಕಿಂಗ್‌ಗಳು, 30 ಸಾವಿರ ಯೂರೋಗೆ ಕಮ್ಮಿ ಇಲ್ಲದ ಟ್ರಾವೆಲ್ ಇನ್ಶೂರೆನ್ಸ್. ಫೋಟೋ 35 ಗುಣಿಸು 45 ಮಿಲಿಮೀಟರ್. ಸ್ಟುಡಿಯೋದಲ್ಲಿ ಸುಮ್ನೆ "ವೀಸಾ ಫೋಟೋ" ಎಂದರೆ ಅಮೆರಿಕದ ಚೌಕ ಸೈಜು ಕೊಟ್ಟು ಕಳಿಸುತ್ತಾರೆ. ಅಳತೆ ಬಾಯಿಬಿಟ್ಟು ಹೇಳಿ.

ಎಲ್ಲಾ ಜೋಡಿಸಿ, ಕೊನೆಗೆ ಪಾಸ್‌ಪೋರ್ಟ್ ನಂಬರ್ ಬರೆಯಲು ಅವನು ತನ್ನದನ್ನು ತೆಗೆದ. ಬರೆದ. ಅವಧಿ ಮುಗಿಯುವ ದಿನಾಂಕ ಬರೆಯುವಾಗ ಪೆನ್ನು ನಿಂತಿತು. ಆಗಸ್ಟ್ 2025.

ನಿಯಮ ಹೀಗಿದೆ: ಷೆಂಗೆನ್ ಬಿಟ್ಟು ಹೊರಡುವ ದಿನದಿಂದ ಮುಂದಕ್ಕೆ ಇನ್ನೂ ಮೂರು ತಿಂಗಳು ಪಾಸ್‌ಪೋರ್ಟ್ ಜೀವಂತ ಇರಬೇಕು. ಹತ್ತು ವರ್ಷಕ್ಕಿಂತ ಹಳೆಯದಾಗಿರಬಾರದು. ಎರಡು ಖಾಲಿ ಹಾಳೆ ಇರಬೇಕು. ನಾವು ಜೂನ್ 17ಕ್ಕೆ ಹೊರಡುವವರು. ಅವನ ಪಾಸ್‌ಪೋರ್ಟ್ ಸೆಪ್ಟೆಂಬರ್ ನಡುವಿನವರೆಗಾದರೂ ಬೇಕಿತ್ತು. "ಆಗಸ್ಟ್‌ವರೆಗೂ ಇದೆಯಲ್ಲೋ, ನಾವು ಜೂನ್‌ನಲ್ಲಿ ವಾಪಸ್ ಬರ್ತೀವಲ್ಲೋ" ಎಂದು ಅವನು ನನ್ನ ಹತ್ತಿರ ವಾದ ಮಾಡಿದ, ನಾನೇನೋ ಜರ್ಮನಿಯ ರಾಯಭಾರಿ ಎನ್ನುವ ಹಾಗೆ.

ತತ್ಕಾಲ್‌ನಲ್ಲಿ ಹಾಕಿದ. ಮಾಮೂಲಿ 1,500ರ ಜೊತೆ ಇನ್ನೂ 2,000 ರೂಪಾಯಿ. ಅದಕ್ಕೂ ಅಪಾಯಿಂಟ್‌ಮೆಂಟ್ ಸಿಗಲು ದಿನ ಹಿಡಿಯಿತು. ಮನೆ ವಿಳಾಸ ಬದಲಾಗಿದ್ದಕ್ಕೆ ಮತ್ತೊಂದು ಕಾಗದ ತರಬೇಕಾಯಿತು. ಹೊಸ ಪಾಸ್‌ಪೋರ್ಟ್ ಕೈಗೆ ಬಂದಾಗ ವೀಸಾ ಸ್ಲಾಟ್ ನೋಡಿದರೆ ಸಿಗುವುದೇ ಜೂನ್ ಎರಡನೇ ವಾರ. ದಿನಾ ರಾತ್ರಿ ಹನ್ನೆರಡಕ್ಕೆ, ಬೆಳಗ್ಗೆ ಆರಕ್ಕೆ ಎದ್ದು ಸೈಟ್ ರಿಫ್ರೆಶ್ ಮಾಡಿದ. ಸಿಗಲಿಲ್ಲ. ಒಂದು ದಿನ ಬೋರ್ಡಿನ ಮುಂದೆ ನಿಂತು ಮೂರು ಬಾಣ ಎಸೆದು, ತಿರುಗದೇ ಹೇಳಿದ: "ನೀನು ಹೋಗಿ ಬಾ." ಮೂರೂ ಬಾಣ 1ರಲ್ಲಿ ಬಿದ್ದಿದ್ದವು.

ಯಾರೇ ಹೊರಡುವುದಿದ್ದರೂ ವಿಮಾನ ಬುಕ್ ಮಾಡುವ ಮುಂಚೆ ಪಾಸ್‌ಪೋರ್ಟಿನ ಕೊನೆಯ ದಿನಾಂಕ ನೋಡಿ. ಇಬ್ಬರು ಹೋಗುವುದಾದರೆ ಇಬ್ಬರದ್ದೂ ಒಬ್ಬರೇ ನೋಡಬೇಡಿ, ಅದಲುಬದಲು ಮಾಡಿಕೊಂಡು ನೋಡಿ. ನಾನು ಅವನದ್ದು ಕೇಳಿ ನೋಡಿದ್ದರೆ ಫೆಬ್ರವರಿಯಲ್ಲೇ ಗೊತ್ತಾಗುತ್ತಿತ್ತು. ಇದು ಅವನ ತಪ್ಪಷ್ಟೇ ಅಲ್ಲ. 47 ಬಿಟ್ಟುಕೊಟ್ಟವನು ನಾನೂ ಹೌದು.

ಗೆಳೆಯನ ಮನೆಯಲ್ಲಿ ಉಳಿಯುವುದಾದರೆ ಇನ್ನೊಂದು ದಾರಿ ಇದೆ. ಅವನು ಅಲ್ಲಿನ ವಿದೇಶಿಯರ ಕಚೇರಿಗೆ ಹೋಗಿ, ಇವನ ಖರ್ಚು ನನ್ನದು ಎಂದು ಬರೆದುಕೊಡಬೇಕು. ಅದರ ಜರ್ಮನ್ ಹೆಸರು 'ಫೆರ್‌ಪ್ಲಿಷ್ಟುಂಗ್ಸ್‌ಎರ್‌ಕ್ಲೇರುಂಗ್'. ಹೇಳಿ ಮುಗಿಸುವಷ್ಟರಲ್ಲಿ ಅರ್ಧ ಲೆಗ್ ಆಡಿ ಮುಗಿಸಬಹುದು. ಫೀಸು 29 ಯೂರೋ. ಆದರೆ ಅವನ ಊರಿನ ಕಚೇರಿಯಲ್ಲಿ ಅಪಾಯಿಂಟ್‌ಮೆಂಟ್ ಸಿಕ್ಕಿದ್ದು ಜುಲೈಗೆ. ಹಾಗಾಗಿ ನನ್ನ ಖರ್ಚು ನನ್ನದೇ ಎಂದು ಬ್ಯಾಂಕ್ ಸ್ಟೇಟ್‌ಮೆಂಟ್ ತೋರಿಸಿದೆ. ಅವನಿಂದ ಒಂದು ಸಾದಾ ಆಹ್ವಾನ ಪತ್ರ, ಅವನ ರೆಸಿಡೆನ್ಸ್ ಪರ್ಮಿಟ್ ಮತ್ತು ಮನೆ ಬಾಡಿಗೆ ಕರಾರಿನ ಪ್ರತಿ ಇಟ್ಟೆ. ಸಾಕಾಯಿತು. ಕವರಿಂಗ್ ಲೆಟರ್‌ನಲ್ಲಿ ಏನು ಬರೆಯಲಿ ಎಂದು ಬಹಳ ಯೋಚಿಸಿದೆ. 'ಪ್ರವಾಸ' ಎಂದಷ್ಟೇ ಬರೆದರೆ ಸುಳ್ಳಲ್ಲ, ಆದರೆ ನಾಲ್ಕೇ ದಿನಕ್ಕೆ ಯಾಕೆ ಎಂದು ಕೇಳಬಹುದು. ನಿಜ ಬರೆದೆ: ಡಾರ್ಟ್ಸ್ ವಿಶ್ವಕಪ್ ನೋಡಲು ಹೋಗುತ್ತಿದ್ದೇನೆ, ಶನಿವಾರದ ಟಿಕೆಟ್ ಲಗತ್ತಿಸಿದೆ.

ಸ್ಲಾಟ್ ದಿನ ಬೆಳಗ್ಗೆ ಹತ್ತಕ್ಕೆ. ಒಂಬತ್ತೂಕಾಲಿಗೇ ಹೋದೆ. ಕೌಂಟರಿನ ಹುಡುಗಿ ಕಾಗದಗಳನ್ನು ಇಸ್ಪೀಟ್ ಎಲೆಗಳ ಹಾಗೆ ಬೇಗ ಬೇಗ ತಿರುವಿದಳು. ಇನ್ಶೂರೆನ್ಸ್ ಹತ್ತಿರ ಕೈ ನಿಂತಿತು.

"ಸರ್, ವಾಪಸ್ ಯಾವತ್ತು?"

"ಹದಿನೇಳು."

"ಇನ್ಶೂರೆನ್ಸ್ ಹದಿನಾರಕ್ಕೆ ಮುಗಿಯುತ್ತಲ್ಲ?"

ನಾನು ಬೆರಳು ಮಡಿಸಿ ಎಣಿಸಿದೆ. ಶುಕ್ರ, ಶನಿ, ಭಾನು, ಸೋಮ. ನಾಲ್ಕು ದಿನ ಎಂದು ನಾಲ್ಕು ದಿನಕ್ಕೇ ತೆಗೆದುಕೊಂಡಿದ್ದೆ. ಮಂಗಳವಾರ ಬರೀ ವಿಮಾನ ಹತ್ತುವುದು ಅಲ್ವಾ ಎನ್ನುವ ಲೆಕ್ಕ. ಅಲ್ಲ. ಆ ನೆಲದ ಮೇಲೆ ಕಾಲಿಟ್ಟಿರುವ ಪ್ರತಿ ದಿನಕ್ಕೂ ಬೇಕು. ಒಳಗೆ ಫೋನ್ ಬಳಸುವ ಹಾಗಿಲ್ಲ. ಹೊರಗೆ ಬಂದು, ಫುಟ್‌ಪಾತಿನಲ್ಲಿ ಎಳನೀರು ಗಾಡಿ ಪಕ್ಕ ನಿಂತು, ಬಿಸಿಲಲ್ಲಿ ಸ್ಕ್ರೀನ್ ಕಾಣದೆ ಕೈ ಅಡ್ಡ ಹಿಡಿದು ಹೊಸ ಪಾಲಿಸಿ ತೆಗೆದೆ. ಈ ಸಲ ಜೂನ್ 19ರವರೆಗೆ. ಪಕ್ಕದ ಜೆರಾಕ್ಸ್ ಅಂಗಡಿಯಲ್ಲಿ ಪ್ರಿಂಟ್, ಒಂದು ಹಾಳೆಗೆ 20 ರೂಪಾಯಿ. ಅವನಿಗೆ ನನ್ನಂಥವರು ದಿನಾ ಹತ್ತು ಜನ ಸಿಗುತ್ತಾರಂತೆ. ಹಳೇ ಪಾಲಿಸಿಯ 900 ರೂಪಾಯಿ ಹೋಯಿತು, ಹೊಸದಕ್ಕೆ 1,300. ವೀಸಾ ಫೀಸು 90 ಯೂರೋ. ಕೇಂದ್ರದ ಸೇವಾ ಶುಲ್ಕ ಸೇರಿ ನನಗೆ 11 ಸಾವಿರದ ಹತ್ತಿರ ಆಯಿತು. ಬೆರಳಚ್ಚು ಕೊಟ್ಟು ಹೊರಬರುವಾಗ ಒಂದೂವರೆ ಗಂಟೆ.

ಆಮೇಲೆ ಕಾಯುವುದು. ಹನ್ನೆರಡು ಕೆಲಸದ ದಿನ. ಟ್ರ್ಯಾಕಿಂಗ್ ಪುಟ ದಿನಕ್ಕೆ ಮೂವತ್ತು ಸಲ ತೆಗೆದರೂ ಅದೇ ಒಂದು ಸಾಲು. ಕೊರಿಯರ್ ಕವರ್ ಹರಿದು ವೀಸಾ ನೋಡಿದಾಗ ಖುಷಿಯಾಗಿದ್ದು ನಿಜ. ಮೊದಲು ಫೋಟೋ ಕಳಿಸಿದ್ದು ನನ್ನ ಜೋಡಿಗೆ. ಅವನು ಒಂದು ಹೆಬ್ಬೆಟ್ಟು ಕಳಿಸಿದ, ಅಷ್ಟೇ.

ಜೂನ್ ನಮ್ಮೂರಿಗೆ ಚೆನ್ನಾಗಿ ಶುರುವಾಗಲಿಲ್ಲ. ಮೂರನೇ ತಾರೀಕು ಆರ್‌ಸಿಬಿ ಕಪ್ ಗೆದ್ದ ರಾತ್ರಿ ನಮ್ಮ ಬೀದಿಯೆಲ್ಲಾ ಪಟಾಕಿ. ಮಾರನೇ ದಿನ ಚಿನ್ನಸ್ವಾಮಿ ಸ್ಟೇಡಿಯಂ ಹೊರಗೆ ಕಾಲ್ತುಳಿತದಲ್ಲಿ 11 ಜನ ಹೋದರು. "ನೀನೂ ಅಂಥ ಜಾತ್ರೆಗೇ ಹೋಗ್ತಿದ್ದೀಯಾ?" ಎಂದು ಅಮ್ಮ ಕೇಳಿದರು. ಅಲ್ಲಿ ಎಲ್ಲರೂ ಕೂತು ನೋಡ್ತಾರಮ್ಮ ಎಂದೆ. ನಾನು ಹೊರಡಬೇಕಾದ ದಿನವೇ, 12ರ ಮಧ್ಯಾಹ್ನ, ಅಹಮದಾಬಾದ್‌ನಲ್ಲಿ ವಿಮಾನ ಬಿತ್ತು. ಸೂಟ್‌ಕೇಸ್‌ಗೆ ಬಟ್ಟೆ ತುಂಬುತ್ತಿದ್ದವನು ಟಿವಿ ಮುಂದೆ ಕೂತುಬಿಟ್ಟೆ. ಅಮ್ಮ ಏನೂ ಮಾತಾಡಲಿಲ್ಲ. ಸಂಜೆ ದೇವರ ಮುಂದೆ ದೀಪ ಹಚ್ಚಿ, ಒಂದು ಪುಟ್ಟ ಪೊಟ್ಟಣದಲ್ಲಿ ಕುಂಕುಮ ಕಟ್ಟಿ ನನ್ನ ಪಾಸ್‌ಪೋರ್ಟ್ ಕವರಿನೊಳಗೆ ಇಟ್ಟರು. ಹೋಗಬೇಡ ಎಂದಿದ್ದರೆ ಬಹುಶಃ ಹೋಗುತ್ತಿರಲಿಲ್ಲ.

ವಿಮಾನ ಹೊರಟಿತು. ಅರೆನಿದ್ದೆಯಲ್ಲಿ ಕಣ್ಣು ಬಿಟ್ಟಾಗ ಮುಂದಿನ ಪರದೆಯ ನಕ್ಷೆಯಲ್ಲಿ ದಾರಿ ವಿಚಿತ್ರವಾಗಿ ಕೆಳಕ್ಕೆ ಬಾಗಿತ್ತು. ಪೈಲಟ್ ಹೇಳಿದ್ದು ಅರ್ಧ ಕೇಳಿಸಿತು: ಕೆಲವು ದೇಶಗಳ ಆಕಾಶ ಮುಚ್ಚಿದೆ, ಸುತ್ತಿಕೊಂಡು ಹೋಗುತ್ತೇವೆ. ಇಳಿದ ಮೇಲೆ ಫೋನ್ ಆನ್ ಮಾಡಿದಾಗ ಗೊತ್ತಾಯಿತು, ಆ ಬೆಳಗಿನ ಜಾವ ಇಸ್ರೇಲ್ ಇರಾನ್ ಮೇಲೆ ದಾಳಿ ಮಾಡಿತ್ತು. ನಮ್ಮದು ಎರಡು ಗಂಟೆಗೂ ಜಾಸ್ತಿ ತಡ. ಮನೆಯಿಂದ 14 ಮಿಸ್ಡ್ ಕಾಲ್. ಇಮಿಗ್ರೇಷನ್‌ನಲ್ಲಿ ಅಧಿಕಾರಿ ಯಾಕೆ ಬಂದಿರಿ ಎಂದು ಕೇಳಿದ. ಡಾರ್ಟ್ಸ್ ಎಂದೆ. ತಲೆ ಎತ್ತಿ ಒಮ್ಮೆ ನೋಡಿ, "ಷಿಂಡ್ಲರ್?" ಎಂದ. ಅವರ ದೇಶದ ಡಾರ್ಟ್ಸ್ ಆಟಗಾರ. ನಾನು ಹೌದು ಎಂದು ತಲೆ ಆಡಿಸಿದೆ. ಠಪ್ ಎಂದು ಸೀಲು ಬಿತ್ತು.

ಶುಕ್ರವಾರ ಸಂಜೆ ಗುಂಪಿನ ಪಂದ್ಯಗಳಿಗೆ ಗೇಟ್ ಹತ್ತಿರ ಹೋಗಿ ನೋಡೋಣ, ಭಾರತ ಆಡುವುದನ್ನು ಕಣ್ಣಾರೆ ನೋಡೋಣ ಎನ್ನುವ ಆಸೆ ಇತ್ತು. ಗೆಳೆಯನ ಹೆಂಡತಿ ಮಾಡಿದ ಬಿಸಿಬೇಳೆ ಬಾತ್ ತಿಂದು 'ಅರ್ಧ ಗಂಟೆ' ಮಲಗಿದವನು ಎದ್ದಾಗ ರಾತ್ರಿ ಹತ್ತೂವರೆ, ಹೊರಗೆ ಇನ್ನೂ ಸ್ವಲ್ಪ ಬೆಳಕು. ಭಾರತದ ಜೋಡಿ ಗುಂಪಿನ ಹಂತದಲ್ಲೇ ನಿಂತಿತ್ತು. ಹೋಗುವವರು ಗುರುವಾರದಿಂದಲೇ ಅಲ್ಲಿರುವ ಹಾಗೆ ನೋಡಿಕೊಳ್ಳಿ. ಗುಂಪಿನಲ್ಲಿ ಮೂರೇ ದೇಶ, ನಾಲ್ಕು ಲೆಗ್ ಮೊದಲು ಗೆದ್ದವರದ್ದು ಪಂದ್ಯ. ಕಣ್ಣು ಮುಚ್ಚಿ ಬಿಡುವಷ್ಟರಲ್ಲಿ ನಮ್ಮವರ ಆಟ ಮುಗಿದಿರುತ್ತದೆ.

ಶನಿವಾರ. ಜೋಡಿಯ ಟಿಕೆಟ್ ಗೆಳೆಯನಿಗೆ ಕೊಟ್ಟೆ. ಅವನಿಗೆ ಡಾರ್ಟ್ಸ್ ಅಂದರೆ ಬಾಣ ಅನ್ನುವಷ್ಟೇ ಗೊತ್ತು. ಊರ ನಡುವಿನ ಕೊನ್‌ಸ್ಟಾಬ್ಲರ್‌ವಾಖೆಯಲ್ಲಿ ಯು7 ಮೆಟ್ರೋ ಹತ್ತಿದರೆ ನೇರ ಐಸ್‌ಸ್ಪೋರ್ಟ್‌ಹಾಲೆ ನಿಲ್ದಾಣ. ದಾರಿ ಕೇಳುವ ಅಗತ್ಯವೇ ಬರಲಿಲ್ಲ. ಮುಂದೆ ಆರು ಜನ ಬಾಳೆಹಣ್ಣಿನ ವೇಷದಲ್ಲಿ ಹೋಗುತ್ತಿದ್ದರು, ಅವರ ಹಿಂದೆ ಹೋದೆವು. ಸನ್ಯಾಸಿನಿ ವೇಷದ ಗಡ್ಡದ ಗಂಡಸರು, ಜಿರಾಫೆ, ಟ್ರಾಫಿಕ್ ಕೋನ್. ನಮ್ಮ ಕಡೆ ದಸರಾದಲ್ಲಿ ಹುಲಿವೇಷ ಹಾಕಿ ಹೊರಡುವವರ ಹುಮ್ಮಸ್ಸೇ, ಕೈಯಲ್ಲಿ ಬಿಯರ್ ಅಷ್ಟೇ.

ಎರಡು ಮಾತು ಇಲ್ಲಿ. ಒಂದು, ಬ್ಯಾಗ್. ಎ4 ಹಾಳೆಗಿಂತ ದೊಡ್ಡದನ್ನು ತೆಗೆದುಕೊಂಡು ಹೋಗಬೇಡಿ. ನನ್ನದನ್ನು ಗೇಟ್‌ನಲ್ಲೇ ತಡೆದರು, ಹೊರಗೆ ಇಟ್ಟು ಬರಲು ಇಪ್ಪತ್ತು ನಿಮಿಷ ಹೋಯಿತು. ಎರಡು, ಹೆಸರು ನೋಡಿ ಮೋಸ ಹೋಗಬೇಡಿ. ಐಸ್ ಹಾಲ್ ಎಂದು ನಾನು ಸ್ವೆಟರ್ ತಂದಿದ್ದೆ. ಚಳಿಗಾಲದಲ್ಲಿ ಐಸ್ ಹಾಕಿ ಆಡುವ ಜಾಗ ಅದು, ಜೂನ್‌ನಲ್ಲಿ ಐಸೂ ಇಲ್ಲ ಏನೂ ಇಲ್ಲ. ಸಾವಿರಾರು ಜನರ ಉಸಿರು, ಬಿಯರ್ ವಾಸನೆ, ಹೊರಗೆ ಬಿಸಿಲು. ಚೆನ್ನೈಯ ಮೇ ತಿಂಗಳಲ್ಲಿ ಮದುವೆ ಛತ್ರದೊಳಗೆ ಕೂತ ಹಾಗಿತ್ತು. ಸ್ವೆಟರನ್ನು ಸೀಟಿನ ಮೇಲೆ ಹಾಸಿಕೊಂಡೆ. ಸಸ್ಯಾಹಾರಿಗಳಿಗೆ ಬ್ರೆಟ್ಸೆಲ್ ಎನ್ನುವ ಗಂಟು ಹಾಕಿದ ಬ್ರೆಡ್ಡು ಮತ್ತು ಆಲೂ ಫ್ರೈಸ್ ಬಿಟ್ಟರೆ ಜಾಸ್ತಿ ಏನೂ ಇಲ್ಲ, ತಿಂದು ಹೋಗಿ. ಬಿಯರ್ ಲೋಟಕ್ಕೂ ಡಿಪಾಸಿಟ್ ಇರುತ್ತದೆ, ವಾಪಸ್ ಕೊಟ್ಟು ದುಡ್ಡು ಇಸ್ಕೊಳ್ಳಿ. ನನ್ನ ಗೆಳೆಯ ಪಕ್ಕದವರು ಬಿಟ್ಟುಹೋದ ಲೋಟಗಳನ್ನೂ ಜೋಡಿಸಿಕೊಂಡ. ಜರ್ಮನಿಗೆ ಹೋಗಿ ಹತ್ತು ವರ್ಷ ಆದರೂ ಅಪ್ಪಟ ಹಾಸನದವನು.

ವೇದಿಕೆ ಮುಂದೆ ಉದ್ದುದ್ದ ಮೇಜುಗಳು, ಸುತ್ತ ಗ್ಯಾಲರಿ. ನಮ್ಮ ಜಾಗದಿಂದ ಬೋರ್ಡ್ ಒಂದು ಹಪ್ಪಳದಷ್ಟು ಕಾಣುತ್ತಿತ್ತು. ಬಾಣ ಕಾಣುವ ಮಾತೇ ಇಲ್ಲ. ಎಲ್ಲರೂ ದೊಡ್ಡ ಪರದೆಯನ್ನೇ ನೋಡುವುದು. ನಿಜ ಹೇಳಬೇಕೆಂದರೆ ಆಟ ನೋಡಲು ಮನೆಯ ಟಿವಿಯೇ ವಾಸಿ. ಅಲ್ಲಿಗೆ ಹೋಗುವುದು ಸದ್ದಿಗೆ. 'ವನ್ ಹಂಡ್ರೆಡ್ ಆಂಡ್ ಎಯ್ಟಿ', ಅಂದರೆ ಮೂರು ಬಾಣಕ್ಕೆ ಸಿಗಬಹುದಾದ ಗರಿಷ್ಠ ಅಂಕ, ಎಂದು ಕೂಗಿದಾಗ ಇಡೀ ಹಾಲ್ ಎದ್ದು ನಿಂತು 180 ಬರೆದ ರಟ್ಟು ಎತ್ತುತ್ತದೆ, ಕೆಳಗಿನ ಸಿಮೆಂಟು ಅದುರುತ್ತದೆ.

ನಮ್ಮ ಅದೃಷ್ಟ, ಆ ಸಂಜೆ ಇಂಗ್ಲೆಂಡ್ ಮತ್ತು ಜರ್ಮನಿ. ಇಂಗ್ಲೆಂಡ್ ಕಡೆ ಲಿಟ್ಲರ್ ಮತ್ತು ಲ್ಯೂಕ್ ಹಂಫ್ರೀಸ್. ಒಬ್ಬ 2025ರ ವಿಶ್ವ ಚಾಂಪಿಯನ್, ಇನ್ನೊಬ್ಬ 2024ರವನು. ಅವರು ಸೋಲುತ್ತಾರೆ ಎಂದು ಯಾರು ಅಂದುಕೊಳ್ಳುತ್ತಾರೆ? ಜರ್ಮನಿ ಕಡೆ ಮಾರ್ಟಿನ್ ಷಿಂಡ್ಲರ್, ರಿಕಾರ್ಡೊ ಪೀಟ್ರೆಚ್ಕೊ. ಎಂಟು ಲೆಗ್ ಮೊದಲು ಗೆದ್ದವರದ್ದು. ಇಂಗ್ಲೆಂಡಿನವರು ಡಬಲ್‌ಗೆ ಕೈ ಎತ್ತಿದಾಗಲೆಲ್ಲಾ ಶಿಳ್ಳೆ. ನನಗೆ ಅದು ಹಿಡಿಸಲಿಲ್ಲ. 18ರ ಹುಡುಗ, ಕಿವಿ ತೂತಾಗುವ ಶಿಳ್ಳೆಯ ನಡುವೆ 2.37 ಮೀಟರ್ ಆಚೆಯ, ಬೆರಳು ದಪ್ಪವೂ ಇಲ್ಲದ ಪಟ್ಟಿಗೆ ಗುರಿ ಇಡಬೇಕು. ಆದರೆ ಅವನು ಸೋತಿದ್ದು ಬರೀ ಶಿಳ್ಳೆಗಲ್ಲ. ನಮ್ಮ ಆಫೀಸಿನ ಆಟ ಆಡಿದ್ದಕ್ಕೆ ನನಗೆ ಒಂದು ವಿಷಯ ಕಾಣಿಸಿತು. ಲಿಟ್ಲರ್ ಥರದವರದ್ದು ಲಯದ ಆಟ, ಎಸೆದು ಎಸೆದು ಕೈ ಬಿಸಿಯಾಗಬೇಕು. ಜೋಡಿ ಆಟದಲ್ಲಿ ಅವನ ಸರದಿ ನಾಲ್ಕರಲ್ಲಿ ಒಂದು. ಮೂವರು ಎಸೆಯುವವರೆಗೆ ಸುಮ್ನೆ ನಿಂತಿರಬೇಕು. ಕೈ ತಣ್ಣಗಾಗುತ್ತದೆ. ಬಂದಾಗ ಜೊತೆಗಾರ ಬಿಟ್ಟ ಅಂಕಿ ತನಗೆ ಇಷ್ಟದ್ದೋ ಅಲ್ಲವೋ. ಷಿಂಡ್ಲರ್ ಮತ್ತು ಪೀಟ್ರೆಚ್ಕೊ ಪ್ರತಿ ಸರದಿ ಮುಗಿದಾಗಲೂ ಮುಷ್ಟಿಗೆ ಮುಷ್ಟಿ ತಾಗಿಸುತ್ತಿದ್ದರು. ಇಬ್ಬರು ಚಾಂಪಿಯನ್ನರು ಅವರವರ ಪಾಡಿಗೆ ನಿಂತ ಹಾಗೆ ನನಗೆ ಕಂಡಿತು.

8-4. ಜರ್ಮನಿ ಗೆದ್ದಿತು. ಪಕ್ಕದಲ್ಲಿದ್ದ ಜಿರಾಫೆ ನನ್ನನ್ನು ತಬ್ಬಿಕೊಂಡು ಅತ್ತಿತು. ಡಾರ್ಟ್ಸ್ ಗೊತ್ತಿಲ್ಲದ ನನ್ನ ಗೆಳೆಯ ಕುರ್ಚಿ ಮೇಲೆ ನಿಂತಿದ್ದ. ನಾನು ಫೋನ್ ತೆಗೆದು ಒಂದು ನಿಮಿಷದ ಆಡಿಯೋ ಮಾಡಿ ಜೋಡಿಗೆ ಕಳಿಸಿದೆ. ಬೆಂಗಳೂರಿನಲ್ಲಿ ಆಗ ಮಧ್ಯರಾತ್ರಿ ದಾಟಿತ್ತು. ತಕ್ಷಣ ಉತ್ತರ ಬಂತು: "ಜೊತೆಗಾರನಿಗೆ ಯಾವ ನಂಬರ್ ಬಿಟ್ಟ?" ಅವನೂ ನಿದ್ದೆ ಬಿಟ್ಟು ನೋಡುತ್ತಿದ್ದ.

ಭಾನುವಾರದ ವಿಷಯಕ್ಕೆ ಬರುತ್ತೇನೆ. ಮೇ ತಿಂಗಳಲ್ಲಿ ಒಂದು ಮರುಮಾರಾಟದ ಸೈಟ್‌ನಲ್ಲಿ ಫೈನಲ್ ಟಿಕೆಟ್ ಒಂದು ಸಿಕ್ಕಿತ್ತು. 145 ಯೂರೋ. ಮೂಲ ಬೆಲೆಯ ಎರಡು ಪಟ್ಟು ಇರಬಹುದು. ಹೇಗೂ ಒಬ್ಬನೇ, ಆಗಲಿ ಎಂದು ಒತ್ತಿಬಿಟ್ಟೆ. ಪಿಡಿಎಫ್ ಬಂತು, ಬಾರ್‌ಕೋಡ್ ಇತ್ತು, ಎಲ್ಲಾ ಸರಿಯಾಗೇ ಕಾಣುತ್ತಿತ್ತು. ಗೇಟ್‌ನಲ್ಲಿ ಹುಡುಗ ಸ್ಕ್ಯಾನರ್ ಹಿಡಿದ. ನನ್ನ ಮುಂದಿನವರಿಗೆಲ್ಲಾ ಒಂದು 'ಟಿಂಗ್' ಬಂದಿತ್ತು. ನನಗೆ 'ಬ್ರ್ರ್' ಎಂದಿತು, ಕೆಂಪು ದೀಪ. ಇನ್ನೊಂದು ಸಲ ಹಿಡಿದ. ಮತ್ತೆ ಅದೇ. ಈ ಟಿಕೆಟ್ ಆಗಲೇ ಒಳಗೆ ಹೋಗಿದೆ, 20 ನಿಮಿಷದ ಹಿಂದೆ, ಎಂದ. ಅಂದರೆ ಅದೇ ಕಾಗದವನ್ನು ಇನ್ನೊಬ್ಬರಿಗೂ ಮಾರಿದ್ದರು, ಅವರು ನನಗಿಂತ ಬೇಗ ಬಂದಿದ್ದರು. ಹುಡುಗ ಸೌಮ್ಯವಾಗಿಯೇ ಹೇಳಿದ, ಪಕ್ಕದ ಕೌಂಟರ್‌ಗೂ ಕಳಿಸಿದ. ಅಲ್ಲಿಯೂ ಅದೇ ಮಾತು. ನನ್ನ ಹಾಗೆ ಇನ್ನೂ ಮೂವರು ನಿಂತಿದ್ದರು, ಅವರಲ್ಲಿ ಒಬ್ಬ ಪೂರ್ತಿ ಡ್ರ್ಯಾಗನ್ ವೇಷದಲ್ಲಿ. ಬಾವುಟದಲ್ಲೇ ಡ್ರ್ಯಾಗನ್ ಇರುವ ವೇಲ್ಸ್‌ನಿಂದ ಬಂದವನಿರಬೇಕು. ಬಾಲ ಕೈಯಲ್ಲಿ ಹಿಡಿದುಕೊಂಡು ನೆಲ ನೋಡುತ್ತಿದ್ದ. ಗೇಟ್ ಹೊರಗೆ ಮಾರುವವರು ಯಾರಾದರೂ ಸಿಗುತ್ತಾರಾ ಎಂದು ಮುಕ್ಕಾಲು ಗಂಟೆ ಸುತ್ತಿದೆ. ಒಬ್ಬ 200 ಯೂರೋ ಕೇಳಿದ. ಇನ್ನೊಂದು 'ಬ್ರ್ರ್' ಕೇಳುವ ಧೈರ್ಯ ಇರಲಿಲ್ಲ.

ಫೋನ್ ಚಾರ್ಜ್ 6 ಪರ್ಸೆಂಟ್. ಕೇಬಲ್ ಕೊಳ್ಳೋಣ ಎಂದರೆ ಭಾನುವಾರ, ಅಂಗಡಿಗಳೆಲ್ಲಾ ಬಂದ್. ಜರ್ಮನಿಯಲ್ಲಿ ಭಾನುವಾರ ಅಂದರೆ ಭಾನುವಾರವೇ. ಬೇಕಾದದ್ದನ್ನು ಶನಿವಾರವೇ ತೆಗೆದಿಟ್ಟುಕೊಳ್ಳಿ. ಗೆಳೆಯನಿಗೆ ಒಂದು ಮೆಸೇಜ್ ಹಾಕಿ ವಾಪಸ್ ಹೊರಟೆ.

ಹಾಗಾಗಿ ಫೈನಲ್ ನೋಡಿದ್ದು ಅವನ ಸೋಫಾ ಮೇಲೆ, ಟಿವಿಯಲ್ಲಿ. ಮೈದಾನದಿಂದ ಮುಕ್ಕಾಲು ಗಂಟೆ ದೂರದಲ್ಲಿ, ಬೆಂಗಳೂರಿನಿಂದ ಸಾವಿರಾರು ಕಿಲೋಮೀಟರ್ ಬಂದು! ಉತ್ತರ ಐರ್ಲೆಂಡಿನ ಜೋಶ್ ರಾಕ್ ಮತ್ತು ಡ್ಯಾರಿಲ್ ಗರ್ನಿ ಒಂದು ಕಡೆ. ಇನ್ನೊಂದು ಕಡೆ ವೇಲ್ಸ್‌ನ ಗರ್ವಿನ್ ಪ್ರೈಸ್ ಮತ್ತು ಜಾನಿ ಕ್ಲೇಟನ್, 2020 ಮತ್ತು 2023ರಲ್ಲಿ ಇದೇ ಕಪ್ ಗೆದ್ದ ಜೋಡಿ. ಹತ್ತು ಲೆಗ್ ಮೊದಲು ಗೆದ್ದವರದ್ದು.

ಗೆಳೆಯನ ಏಳು ವರ್ಷದ ಮಗಳು ನನ್ನ ಪಕ್ಕ ಒಂದು ಲೆಕ್ಕದ ಪುಸ್ತಕ ತೆಗೆದುಕೊಂಡು ಕೂತಳು. ಅವಳಿಗೆ ಕಳೆಯುವ ಲೆಕ್ಕ ಈಗಷ್ಟೇ ಬಂದಿದೆಯಂತೆ. 501 ಬರೆದಳು. ಕೆಳಗೆ 140. "ಒಂದರಿಂದ ಸೊನ್ನೆ ಹೋದರೆ ಒಂದು. ಸೊನ್ನೆಯಿಂದ ನಾಲ್ಕು ಹೋಗಲ್ಲ, ಪಕ್ಕದ ಮನೆಯಿಂದ ಸಾಲ." ಶಾಲೆಯಲ್ಲಿ ಜರ್ಮನ್‌ನಲ್ಲಿ ಕಲಿತದ್ದನ್ನು ಮನೆಯಲ್ಲಿ ಅಜ್ಜಿ ಹೇಳಿಕೊಟ್ಟ ಕನ್ನಡದಲ್ಲಿ ಮಾಡುತ್ತಿದ್ದಳು. 361. ಅವಳು ಸಾಲ ತಂದು ಮುಗಿಸುವಷ್ಟರಲ್ಲಿ ಟಿವಿಯಲ್ಲಿ ಇನ್ನಿಬ್ಬರು ಎಸೆದಿರುತ್ತಿದ್ದರು. "ಮಾಮ, ಇವರು ಸ್ವಲ್ಪ ನಿಧಾನ ಎಸೆಯಬಾರದಾ?" ಒಂದು ಸಲ 32 ಉಳಿದಾಗ ನಾನು "ಆಹಾ" ಎಂದೆ. ಯಾಕೆ ಎಂದು ಕೇಳಿದಳು. 32, 16, 8, 4, 2 ಎಂದು ಬರೆದು ತೋರಿಸಿದೆ. ಅದು ಅವಳಿಗೆ ಬಹಳ ಹಿಡಿಸಿತು. ಆಮೇಲೆ ಪ್ರತಿ ಲೆಗ್‌ನಲ್ಲೂ "32 ಬಿಡು, 32 ಬಿಡು" ಎಂದು ಟಿವಿಗೆ ಹೇಳುತ್ತಿದ್ದಳು.

9-9 ಆದಾಗ ಅವಳು ನನ್ನ ತೋಳಿಗೆ ಒರಗಿ ನಿದ್ದೆ ಹೋಗಿದ್ದಳು. ಕೊನೆಯ ಲೆಗ್‌ಗೆ ಕೂಗುವ ಹಾಗಿಲ್ಲ, ಏಳುವ ಹಾಗಿಲ್ಲ. ಉತ್ತರ ಐರ್ಲೆಂಡ್ 10-9ರಲ್ಲಿ ಗೆದ್ದಿತು. ಅವರಿಗೆ ಇದೇ ಮೊದಲ ವಿಶ್ವಕಪ್. ರಾಕ್ ಮತ್ತು ಗರ್ನಿ ಒಬ್ಬರನ್ನೊಬ್ಬರು ತಬ್ಬಿಕೊಂಡಾಗ ನಾನೂ ನನ್ನ ಗೆಳೆಯನೂ ಬಾಯಿ ಮುಚ್ಚಿಕೊಂಡು, ಕೈ ಮಾತ್ರ ಎತ್ತಿ ಸಂಭ್ರಮಿಸಿದೆವು.

ಒಟ್ಟು ಖರ್ಚು ಹತ್ತಿರ ಹತ್ತಿರ 1 ಲಕ್ಷ 15 ಸಾವಿರ. ಉಳಿಯಲು, ಉಣ್ಣಲು ಗೆಳೆಯನ ಮನೆ ಇದ್ದಿದ್ದಕ್ಕೆ ಇಷ್ಟರಲ್ಲಿ ಮುಗಿಯಿತು. ಮರುಮಾರಾಟದವರಿಗೆ ನಾಲ್ಕು ಮೇಲ್ ಹಾಕಿದ್ದೇನೆ. ಪ್ರತಿ ಸಲವೂ 'ನಿಮ್ಮ ದೂರು ನಮಗೆ ಮುಖ್ಯ' ಎನ್ನುವ ಒಂದೇ ಉತ್ತರ. ಈಗ ಕಾರ್ಡ್ ಕೊಟ್ಟ ಬ್ಯಾಂಕಿನಲ್ಲಿ ಡಿಸ್ಪ್ಯೂಟ್ ಹಾಕಿದ್ದೇನೆ. ಅವರು ಗೇಟ್‌ನಲ್ಲಿ ತಡೆದದ್ದಕ್ಕೆ ಸಾಕ್ಷಿ ಕೇಳಿದರು. ಅದೃಷ್ಟಕ್ಕೆ ಆ ಕೆಂಪು ದೀಪದ ಒಂದು ಫೋಟೋ ಇದೆ. ನಿಮಗೂ ಹೀಗಾದರೆ ಮೊದಲು ಸ್ಕ್ಯಾನರಿನ ಫೋಟೋ ಹೊಡೆದುಕೊಳ್ಳಿ, ಅಳುವುದು ಆಮೇಲೆ.

ನನ್ನ ಜೋಡಿಯ ಹೊಸ ಪಾಸ್‌ಪೋರ್ಟ್ 2035ರವರೆಗೆ ಇದೆ. ನಿನ್ನೆ ಆಫೀಸಿಗೆ ತಂದು ಕೇರಂ ಬೋರ್ಡಿನ ಮೇಲೆ ಇಟ್ಟು, "ನೋಡು, ದಿನಾಂಕ ಓದು" ಎಂದ. ಓದಿದೆ. ನನ್ನದನ್ನೂ ಕೇಳಿದ. ನನ್ನದು ಮುಂದಿನ ವರ್ಷ ಜುಲೈಗೆ ಮುಗಿಯುತ್ತದೆ.